ಕ್ರಯಪತ್ರ ಮೊದಲು, ನೆಲ ಆಮೇಲೆ: ಕೆಂಟಕಿಯಿಂದ ಒಹಾಯೊವರೆಗೆ

ಅಮೆರಿಕಕ್ಕೆ ಬಂದ ನಮ್ಮವರು ಸಾಮಾನ್ಯವಾಗಿ ನಯಾಗರ ನೋಡುತ್ತಾರೆ, ನ್ಯೂಯಾರ್ಕ್ ಸುತ್ತುತ್ತಾರೆ. ಕೊಲಂಬಸ್ ನಗರದಲ್ಲಿರುವ ಮಗಳ ಮನೆಗೆ ಬಂದ ನಾನೂ ನನ್ನ ಪತ್ನಿಯೂ ಬೇರೊಂದು ಸುತ್ತು ಹಾಕೋಣವೆಂದೆವು. ಅಪಲೇಚಿಯನ್ ಬೆಟ್ಟಸಾಲು ದಾಟಿ ಬಂದ ಮೊದಲ ವಲಸಿಗರು ಕೆಂಟಕಿಯಲ್ಲಿ, ಒಹಾಯೊದಲ್ಲಿ ಎಲ್ಲಿ ನೆಲೆಯೂರಿದರು, ಅಲ್ಲಿದ್ದ ಮೂಲನಿವಾಸಿಗಳೊಂದಿಗೆ ಎಲ್ಲಿ ಕಾದಾಡಿದರು ಎಂಬುದನ್ನು ಆಯಾ ಜಾಗದಲ್ಲೇ ನಿಂತು ನೋಡುವ ಆಸೆ. ನಾನು ಸರ್ವೆ ಇಲಾಖೆಯಲ್ಲಿ ಆಯಸ್ಸು ಕಳೆದವನು. ಹದ್ದುಬಸ್ತು, ಪೋಡಿ, ಒತ್ತುವರಿ ತಕರಾರು, ಇವೇ ನನ್ನ ಕಸುಬು. ಯಾವ ಜಮೀನಿನ ಜಗಳದ ಬುಡ ಕೆದಕಿದರೂ ಅಲ್ಲೊಂದು ಕಾಗದ ಸಿಗುತ್ತದೆ. ಈ ದಾರಿಯುದ್ದಕ್ಕೂ ನಾನು ಹುಡುಕಿದ್ದು ಅಂಥ ಕಾಗದಗಳನ್ನೇ.

ಶುಕ್ರವಾರ: ಕಂಬರ್ಲೆಂಡ್ ಗ್ಯಾಪ್

ಅಳಿಯ ಬೆಳಗಿನ ಜಾವವೇ ಕಾರು ಹೊರಡಿಸಿದ್ದರಿಂದ ಮಧ್ಯಾಹ್ನದ ಹೊತ್ತಿಗೆ ಕೆಂಟಕಿಯ ತೆಂಕಣ ತುದಿ ಮುಟ್ಟಿದೆವು. ಮೈಲುಗಟ್ಟಲೆ ಎಡೆಗೊಡದೆ ನಿಂತ ಬೆಟ್ಟಸಾಲು ಇಲ್ಲೊಂದು ಕಡೆ ತಗ್ಗಿದೆ. ಆ ತಗ್ಗೇ ಕಂಬರ್ಲೆಂಡ್ ಗ್ಯಾಪ್. ಮೊದಲು ಇದು ಪ್ರಾಣಿಗಳ ಜಾಡು, ಆಮೇಲೆ ಚೆರೋಕೀ, ಶಾನೀ ಎಂಬ ಮೂಲನಿವಾಸಿ ಜನರು ಬೇಟೆಗೂ ಯುದ್ಧಕ್ಕೂ ನಡೆದ ಹಾದಿ. 1750ರಲ್ಲಿ ಥಾಮಸ್ ವಾಕರ್ ಎಂಬ ವೈದ್ಯ ಇಲ್ಲಿಗೆ ಬಂದ. ಅವನನ್ನು ಕಳಿಸಿದ್ದು ಜಮೀನು ಮಾರುವ ಒಂದು ಕಂಪನಿ. ಅದು ನನಗೆ ಸಣ್ಣ ವಿಷಯವೆನಿಸಲಿಲ್ಲ. ಈ ಕಣಿವೆಗೆ ರೈತ ಬರುವುದಕ್ಕೆ ಎಷ್ಟೋ ವರ್ಷ ಮೊದಲೇ ಜಮೀನು ವ್ಯಾಪಾರಿಯ ಕಣ್ಣು ಬಂದಿತ್ತು.

1763ರಲ್ಲಿ ಬ್ರಿಟನ್ನಿನ ದೊರೆ ಒಂದು ಘೋಷಣೆ ಹೊರಡಿಸಿ, ಬೆಟ್ಟಸಾಲಿನ ಪಶ್ಚಿಮಕ್ಕೆ ಯಾರೂ ಮನೆ ಕಟ್ಟಬಾರದೆಂದು ಗೆರೆ ಎಳೆದ. ಗೆರೆ ಕಾಗದದಲ್ಲಿ ಉಳಿಯಿತು, ಜನ ದಾಟುತ್ತಲೇ ಇದ್ದರು. 1773ರ ಅಕ್ಟೋಬರಿನಲ್ಲಿ ಡೇನಿಯಲ್ ಬೂನ್ ಎಂಬ ಬೇಟೆಗಾರ ಕೆಲವು ಕುಟುಂಬಗಳನ್ನು ಕಟ್ಟಿಕೊಂಡು ಹೊರಟಾಗ, ಗ್ಯಾಪ್ ತಲುಪುವ ಮೊದಲೇ ಅವನ ಹಿರಿಯ ಮಗ ಜೇಮ್ಸ್ ಮೂಲನಿವಾಸಿಗಳ ದಾಳಿಯಲ್ಲಿ ಸತ್ತ. ಹದಿಹರೆಯದ ಹುಡುಗ. ಬಳಗ ಹಿಂದಿರುಗಿತು.

1775ರ ಮಾರ್ಚಿನಲ್ಲಿ ರಿಚರ್ಡ್ ಹೆಂಡರ್ಸನ್ ಎಂಬ ನ್ಯಾಯಾಧೀಶ ಸಿಕಮೋರ್ ಶೋಲ್ಸ್‌ನಲ್ಲಿ ಚೆರೋಕೀ ಮುಖಂಡರನ್ನು ಸೇರಿಸಿ, ಸರಕು ಸಾಮಾನುಗಳನ್ನು ಕೊಟ್ಟು, ಸುಮಾರು ಎರಡು ಕೋಟಿ ಎಕರೆ ಬರೆಸಿಕೊಂಡ. ಬಂದೂಕು, ಬಟ್ಟೆ, ಕಂಬಳಿಗೆ ಒಂದು ನಾಡು! ಡ್ರ್ಯಾಗಿಂಗ್ ಕನೂ ಎಂಬ ತರುಣ ಮುಖಂಡ ಇದನ್ನು ಒಪ್ಪದೆ ಎದ್ದುಹೋದ. ಮಾರಿದವರಿಗೆ ಮಾರುವ ಹಕ್ಕಿತ್ತೇ? ಅದೇ ಕಾಡಿನಲ್ಲಿ ಬೇಟೆಯಾಡುತ್ತಿದ್ದ ಶಾನೀ ಜನರನ್ನು ಯಾರೂ ಕರೆದೇ ಇರಲಿಲ್ಲ. ಅದಕ್ಕೂ ಮುಂಚೆ, 1768ರಲ್ಲಿ, ದೂರದ ಇರೊಕ್ವಾ ಬುಡಕಟ್ಟುಗಳ ಒಕ್ಕೂಟ ಇದೇ ಸೀಮೆಯನ್ನು ಬ್ರಿಟಿಷರಿಗೆ ಬಿಟ್ಟುಕೊಟ್ಟಿತ್ತು. ಶಾನೀಗಳನ್ನು ಆಗಲೂ ಕೇಳಿರಲಿಲ್ಲ. ಒಂದೇ ಜಮೀನಿಗೆ ಎರಡು ಕ್ರಯಪತ್ರ, ಅನುಭೋಗದಲ್ಲಿ ಇದ್ದವನ ಸಹಿ ಎರಡರಲ್ಲೂ ಇಲ್ಲ. ನನ್ನ ನೌಕರಿಯಲ್ಲಿ ಇಂಥ ಕಡತ ಬಂದಿದ್ದರೆ ಅಂದೇ ಹಿಂದಕ್ಕೆ ಕಳಿಸುತ್ತಿದ್ದೆ.

ಕ್ರಯಪತ್ರದ ಮಸಿ ಆರುವ ಮೊದಲೇ ಬೂನ್ ಹೆಂಡರ್ಸನ್ನನ ಪರವಾಗಿ ಮೂವತ್ತರಷ್ಟು ಕೊಡಲಿಯಾಳುಗಳೊಂದಿಗೆ ಕಾಡು ಕಡಿಯುತ್ತ ಈ ಗ್ಯಾಪ್ ದಾಟಿದ. 1810ರ ವೇಳೆಗೆ ಎರಡರಿಂದ ಮೂರು ಲಕ್ಷ ಜನ ಅದೇ ಹಾದಿ ಹಿಡಿದು ಪಶ್ಚಿಮಕ್ಕೆ ಹೋಗಿದ್ದರು. 1996ರಲ್ಲಿ ಬೆಟ್ಟದಡಿ ಸುರಂಗ ತೆರೆದ ಮೇಲೆ ಮೇಲಿನ ಹೆದ್ದಾರಿಯ ಡಾಂಬರು ಕಿತ್ತು, ಮಣ್ಣು ತುಂಬಿ, ಗಿಡ ನೆಟ್ಟು ಹಳೆಯ ಕಾಲ್ದಾರಿಯನ್ನು ಮತ್ತೆ ರೂಪಿಸಿದ್ದಾರೆ. ಅದರ ಮೇಲೆ ನಡೆದೆವು. ಉದುರಿದ ಎಲೆಗಳ ಅಡಿಯಲ್ಲಿ ನೆಲ ಮೆತ್ತಗಿತ್ತು. ಏರು ಅಷ್ಟೇನೂ ಕಡಿದಲ್ಲ, ಆದರೆ ಎಳೆಗೂಸು, ಹಸು, ಬಾಣಲೆ, ಬಿತ್ತನೆ ಜೋಳ ಹೊತ್ತು ನಡೆದ ಹೆಂಗಸರನ್ನು ನೆನೆದರೆ ಕಾಲು ತಾನಾಗಿ ನಿಧಾನವಾಗುತ್ತದೆ. ಅವರ ಕಷ್ಟವೂ ಸುಳ್ಳಲ್ಲ.

ಶನಿವಾರ: ಬೂನ್ಸ್‌ಬರೊ

ಕೆಂಟಕಿ ನದಿಯ ದಂಡೆಯಲ್ಲಿದ್ದ ಮೂಲ ಕೋಟೆ ಉಳಿದಿಲ್ಲ. ಸ್ವಲ್ಪ ಎತ್ತರದ ಜಾಗದಲ್ಲಿ ಅದರ ಮಾದರಿಯನ್ನು ಕಟ್ಟಿದ್ದಾರೆ. ಕೋಟೆ ಎಂದರೆ ಚಿತ್ರದುರ್ಗವನ್ನು ನೆನೆಯಬಾರದು. ಸಾಲಾಗಿ ನಿಂತ ಮರದ ದಿಮ್ಮಿಯ ಗುಡಿಸಲುಗಳ ಬೆನ್ನೇ ಹೊರಗೋಡೆ, ನಡುನಡುವೆ ಚೂಪು ತುದಿಯ ಕಂಬಗಳ ಬೇಲಿ, ಮೂಲೆಗೊಂದು ಕಾವಲು ಮನೆ. ಹೊರಮುಖಕ್ಕೆ ಕಿಟಕಿಯಿಲ್ಲ, ಬಂದೂಕಿನ ನಳಿಗೆ ತೂರುವಷ್ಟು ಕಂಡಿ ಮಾತ್ರ. ದಿಮ್ಮಿಗಳು ಕೂಡುವ ಮೂಲೆಯನ್ನು ನಾನು ಬಹಳ ಹೊತ್ತು ನೋಡಿದೆ. ಒಂದರ ತುದಿಯನ್ನು ಇಳಿಜಾರಾಗಿ ಕೆತ್ತಿ ಇನ್ನೊಂದರ ಕಚ್ಚಿಗೆ ಕೂರಿಸಿದ್ದಾರೆ, ಮಳೆನೀರು ಒಳಕ್ಕೆ ನಿಲ್ಲದೆ ಹೊರಕ್ಕೇ ಜಾರುತ್ತದೆ. ಮೊಳೆ ಇಲ್ಲ. ಸಂದುಗಳಿಗೆ ಕಲ್ಲುಚೂರು, ಮಣ್ಣು ಮೆತ್ತಿದ್ದಾರೆ. ಬೆರಳಿನಿಂದ ಒತ್ತಿದರೆ ಗಟ್ಟಿಯಾಗಿತ್ತು. ಒಂದು ಗುಡಿಸಲಿನಲ್ಲಿ ಹಳೆಯ ಕಾಲದ ಉಡುಪು ತೊಟ್ಟ ಹೆಂಗಸೊಬ್ಬರು ರಾಟೆಯ ಮುಂದೆ ಕುಳಿತು, ಹತ್ತಿ ಸಿಗದ ಆ ಕಾಡಿನಲ್ಲಿ ತುರಚೆ ಗಿಡದ ನಾರಿಗೆ ಬೈಸನ್ ಉಣ್ಣೆ ಸೇರಿಸಿ ಬಟ್ಟೆ ನೇಯುತ್ತಿದ್ದ ಬಗೆಯನ್ನು ವಿವರಿಸಿದರು. ನನ್ನ ಪತ್ನಿ ಅಲ್ಲಿಂದ ಕದಲಲೇ ಇಲ್ಲ.

ಬೂನ್ ಇಲ್ಲಿಗೆ ಬಂದದ್ದು 1775ರ ಏಪ್ರಿಲ್ ಒಂದರಂದು. ಮರುವರ್ಷ ಜುಲೈನಲ್ಲಿ ಅವನ ಮಗಳು ಜೆಮೈಮಾ ಮತ್ತು ಕ್ಯಾಲವೇ ಮನೆತನದ ಇಬ್ಬರು ಹುಡುಗಿಯರು ನದಿಯಲ್ಲಿ ದೋಣಿಯಾಡುತ್ತಿದ್ದಾಗ ಶಾನೀ, ಚೆರೋಕೀ ಯೋಧರು ಹೊತ್ತೊಯ್ದರು. ಹುಡುಗಿಯರು ದಾರಿಯಲ್ಲಿ ರೆಂಬೆ ಮುರಿದು ಗುರುತು ಬಿಟ್ಟರು. ಬೂನ್ ಬೆನ್ನಟ್ಟಿ ಬಿಡಿಸಿ ತಂದ. ಅಮೆರಿಕದ ಮಕ್ಕಳಿಗೆ ಈ ಕಥೆ ಬಾಯಿಪಾಠ.

ಅವರಿಗೆ ಅಷ್ಟಾಗಿ ಗೊತ್ತಿರದ ಒಬ್ಬ ಮನುಷ್ಯನ ಕಥೆ ನನ್ನನ್ನು ಹಿಡಿದು ನಿಲ್ಲಿಸಿತು. ಅವನು ಮಂಕ್ ಎಸ್ಟಿಲ್, ಗುಲಾಮಗಿರಿಯಲ್ಲಿದ್ದ ಕಪ್ಪು ಮನುಷ್ಯ. ಗುಹೆಗಳಿಂದ ಸಿಗುವ ಪೆಟ್ಲುಪ್ಪಿನಿಂದ ಮದ್ದಿನಪುಡಿ ಮಾಡುವ ಕಲೆ ಬಲ್ಲವನು. ಮದ್ದಿಲ್ಲದಿದ್ದರೆ ಈ ಕೋಟೆಗಳು ಒಂದು ವಾರ ನಿಲ್ಲುತ್ತಿರಲಿಲ್ಲ. 1782ರ ಮಾರ್ಚಿನಲ್ಲಿ ವಯಾಂಡಾಟ್ ಯೋಧರೊಡನೆ ನಡೆದ ಕಾಳಗದಲ್ಲಿ ಅವನ ಒಡೆಯ ಸತ್ತಾಗ, ಗಾಯಗೊಂಡ ಒಬ್ಬನನ್ನು ಮಂಕ್ ಬೆನ್ನ ಮೇಲೆ ಹೊತ್ತು ಮೈಲುಗಟ್ಟಲೆ ನಡೆದು ತಂದ. ಆ ಮನೆತನ ಅವನನ್ನು ಬಂಧಮುಕ್ತನನ್ನಾಗಿ ಮಾಡಿತು. ಕೆಂಟಕಿಯಲ್ಲಿ ಬಿಡುಗಡೆ ಪಡೆದ ಮೊದಲ ಗುಲಾಮನೆಂದು ಅವನನ್ನೇ ಹೆಸರಿಸುತ್ತಾರೆ. ಗಡಿನಾಡಿನ ಬಿಳಿಯರ ಸ್ವಾತಂತ್ರ್ಯದ ಮಾತುಗಳನ್ನು ಕೇಳುವಾಗಲೆಲ್ಲ ಆ ಮದ್ದು ಕುಟ್ಟಿದ ಕೈ ನೆನಪಿಗೆ ಬರಬೇಕು.

1778ರ ಫೆಬ್ರವರಿಯಲ್ಲಿ ಉಪ್ಪು ಬೇಯಿಸಲು ಹೋಗಿದ್ದ ಬೂನ್ ಮತ್ತು ಅವನ ಸಂಗಡಿಗರು ಶಾನೀ ಮುಖಂಡ ಬ್ಲ್ಯಾಕ್‌ಫಿಶ್‌ನ ಕೈಗೆ ಸಿಕ್ಕರು. ಬ್ಲ್ಯಾಕ್‌ಫಿಶ್ ಬೂನ್‌ನನ್ನು ಮಗನಾಗಿ ದತ್ತು ತೆಗೆದುಕೊಂಡು ಶೆಲ್ಟೋವಿ ಎಂಬ ಹೆಸರಿಟ್ಟ. ಬೇಸಿಗೆಯಲ್ಲಿ ಬೂನ್ ತಪ್ಪಿಸಿಕೊಂಡು ಬಂದ. ಸೆಪ್ಟೆಂಬರಿನಲ್ಲಿ ಬ್ಲ್ಯಾಕ್‌ಫಿಶ್ ನೂರಾರು ಯೋಧರೊಂದಿಗೆ ಕೋಟೆಯ ಮುಂದೆ ಬಂದು ನಿಂತ. ಮೊದಲು ಮಾತುಕತೆಯಾಯಿತು. ಒಹಾಯೊ ನದಿಯೇ ಇಬ್ಬರ ನಡುವಿನ ಗಡಿಯಾಗಲಿ ಎಂಬುದು ಆ ಮಾತುಕತೆಯಲ್ಲಿ ಬಂದ ಕರಾರು. ಕೈ ಕುಲುಕುವಾಗ ತಳ್ಳಾಟವಾಗಿ ಗುಂಡು ಹಾರಿತು. ಶಾನೀಗಳು ನದಿದಂಡೆಯಿಂದ ಕೋಟೆಯ ಕಡೆಗೆ ಸುರಂಗ ತೋಡತೊಡಗಿದರು. ಸುರಿದ ಮಳೆಗೆ ಸುರಂಗ ಕುಸಿಯಿತು, ಹತ್ತು ದಿನಕ್ಕೂ ಮಿಕ್ಕಿದ ಮುತ್ತಿಗೆ ತೆರವಾಯಿತು. ಶತ್ರುವಿನ ಮನೆಯಲ್ಲಿ ಮಗನಾಗಿದ್ದವನೆಂದು ಬೂನ್‌ನ ಮೇಲೆ ತನ್ನವರೇ ವಿಚಾರಣೆ ನಡೆಸಿ, ಕೊನೆಗೆ ನಿರ್ದೋಷಿಯೆಂದು ಬಿಟ್ಟರು.

ಇಷ್ಟು ರಕ್ತ ಸುರಿದ ಜಮೀನು ಯಾರದಾಯಿತು? ಹೆಂಡರ್ಸನ್ನನ ಖರೀದಿಯನ್ನು ವರ್ಜೀನಿಯಾ ಅದೇ 1778ರಲ್ಲಿ ರದ್ದು ಮಾಡಿತು. ಹೊಸ ಕಾನೂನಿನಡಿ ಯಾರು ಬೇಕಾದರೂ 'ಈ ಓಕ್ ಮರದಿಂದ ಆ ತೊರೆಯವರೆಗೆ' ಎಂದು ಬರೆಸಿ ಹಕ್ಕು ಕೇಳಬಹುದಿತ್ತು. ಮರ ಬಿತ್ತು, ತೊರೆ ಸರಿಯಿತು, ಒಬ್ಬನ ಹಕ್ಕಿನ ಮೇಲೆ ಇನ್ನೊಬ್ಬನ ಹಕ್ಕು ಹಂಚು ಹೊದಿಸಿದಂತೆ ಏರಿ ಕುಳಿತಿತು. ಸ್ವತಃ ಭೂಮಾಪಕನಾಗಿ ದುಡಿದ ಬೂನ್ ತನ್ನ ಜಮೀನುಗಳನ್ನೆಲ್ಲ ಕಳೆದುಕೊಂಡು 1799ರಲ್ಲಿ ಮಿಸೌರಿಗೆ ವಲಸೆ ಹೋದ. ಅಬ್ರಹಾಂ ಲಿಂಕನ್ನರ ತಾತ ಕೆಂಟಕಿಯಲ್ಲಿ 1786ರಲ್ಲಿ ಮೂಲನಿವಾಸಿಗಳ ಗುಂಡಿಗೆ ಬಲಿಯಾದರೆ, ತಂದೆ ಅದೇ ಕೆಂಟಕಿಯಲ್ಲಿ ಹಕ್ಕುಪತ್ರದ ವ್ಯಾಜ್ಯಗಳಲ್ಲಿ ಬೇಸತ್ತು 1816ರಲ್ಲಿ ಇಂಡಿಯಾನಾಕ್ಕೆ ಗಂಟುಮೂಟೆ ಕಟ್ಟಿದರು.

ಭಾನುವಾರ: ಬ್ಲೂ ಲಿಕ್ಸ್

ಉಪ್ಪುನೀರಿನ ಬುಗ್ಗೆಗಳ ಊರು. ಬೈಸನ್ ಹಿಂಡುಗಳು ನೆಕ್ಕಲು ಬರುತ್ತಿದ್ದ ಜಾಗ. ಬೂನ್ ಸೆರೆಯಾದದ್ದೂ ಈ ಉಪ್ಪಿಗಾಗಿಯೇ. ಲಿಕಿಂಗ್ ನದಿಯ ಬಾಗಿನ ಮೇಲೆ ಗುಡ್ಡ, ಗುಡ್ಡದ ಮೇಲೆ 1928ರಲ್ಲಿ ನಿಲ್ಲಿಸಿದ ಕಲ್ಲಿನ ಸ್ತಂಭ. ಅಮೆರಿಕದ ಸ್ವಾತಂತ್ರ್ಯ ಯುದ್ಧದಲ್ಲಿ ಬ್ರಿಟಿಷ್ ಸೈನ್ಯ ಯಾರ್ಕ್‌ಟೌನಿನಲ್ಲಿ ಶರಣಾಗಿ ಹತ್ತು ತಿಂಗಳಾಗಿತ್ತು. ಪೂರ್ವದಲ್ಲಿ ಯುದ್ಧ ಮುಗಿದಂತೆಯೇ, ಇಲ್ಲಿ ಮಾತ್ರ 1782ರ ಆಗಸ್ಟ್ 19ರಂದು ನೂರೆಂಬತ್ತು ಚಿಲ್ಲರೆ ಕೆಂಟಕಿ ಸವಾರರು ನದಿ ದಾಟಿ, ಮೂಲನಿವಾಸಿಗಳೂ ಬ್ರಿಟಿಷರೂ ಸೇರಿ ಹಾಕಿದ್ದ ಹೊಂಚಿನ ಬಾಯಿಗೆ ನೇರ ಹೋದರು. ಇದು ಹೊಂಚು ಎಂದು ಬೂನ್ ಎಚ್ಚರಿಸಿದ್ದ. ಹೇಡಿಗಳೆನ್ನಿಸಿಕೊಳ್ಳುವ ಭಯಕ್ಕೆ ಉಳಿದವರು ನುಗ್ಗಿದರು. ಕಾಲು ಗಂಟೆಯಷ್ಟರಲ್ಲಿ ಎಪ್ಪತ್ತರಷ್ಟು ಜನ ಸತ್ತರು. ಬೂನ್‌ನ ಇನ್ನೊಬ್ಬ ಮಗ ಇಸ್ರೇಲ್ ತಂದೆಯ ಕಣ್ಣೆದುರೇ ಬಿದ್ದ.

ಸ್ತಂಭದ ಮೇಲೆ ಸತ್ತ ಬಿಳಿಯರ ಹೆಸರುಗಳಿವೆ. ಅವರನ್ನು ಕೊಂದವರು ಏಕೆ ಬಂದರು? ಎರಡು ವರ್ಷ ಹಿಂದೆ, 1780ರ ಆಗಸ್ಟಿನಲ್ಲಿ, ಕೆಂಟಕಿಯ ದಂಡು ಒಹಾಯೊ ದಾಟಿ ಶಾನೀಗಳ ಚಿಲಿಕಾಥಿ, ಪಿಕ್ವಾ ಊರುಗಳನ್ನು ಸುಟ್ಟು, ತೆನೆಗಟ್ಟಿ ನಿಂತಿದ್ದ ಮೆಕ್ಕೆಜೋಳದ ಹೊಲಗಳನ್ನು ಕಡಿದು ಹಾಕಿತ್ತು. ಬೆಳೆ ಸುಡುವುದು ಹೆಂಗಸರು, ಮಕ್ಕಳ ಮುಂದಿನ ಚಳಿಗಾಲವನ್ನೇ ಸುಟ್ಟಂತೆ.

ಸಂಜೆ ಮೇಸ್‌ವಿಲ್ ಬಳಿ ಒಹಾಯೊ ನದಿ ದಾಟಿದೆವು. ಅಗಲವಾದ, ಕಂದು ನೀರಿನ, ಆತುರವಿಲ್ಲದ ನದಿ. ಶಾನೀಗಳು ಗಡಿಯೆಂದು ಹಿಡಿದು ಕೂತದ್ದು ಇದನ್ನೇ.

ಸೋಮವಾರ: ಮರಿಯೆಟ್ಟಾ

1788ರ ಏಪ್ರಿಲ್ 7ರಂದು ರೂಫಸ್ ಪಟ್ನಂ ನಾಯಕತ್ವದಲ್ಲಿ 48 ಜನ ದೋಣಿಯಿಳಿದು ಕಟ್ಟಿದ ಊರು. ಒಹಾಯೊ ನದಿಯ ಉತ್ತರದ ಸೀಮೆಯನ್ನು ಆಗ ವಾಯವ್ಯ ಪ್ರಾಂತ್ಯ ಎನ್ನುತ್ತಿದ್ದರು, ಅದರ ಮೊದಲ ಅಧಿಕೃತ ನೆಲೆ ಇದು. ಊರಿನ ಸ್ಮಶಾನದ ನಡುವೆ ಸುಮಾರು ಮೂವತ್ತು ಅಡಿ ಎತ್ತರದ ಮಣ್ಣಿನ ದಿಬ್ಬವಿದೆ. ಬಿಳಿಯರು ಬರುವುದಕ್ಕೆ ಸಾವಿರಾರು ವರ್ಷ ಮೊದಲಿದ್ದ ಜನ ಬುಟ್ಟಿಬುಟ್ಟಿ ಮಣ್ಣು ಹೊತ್ತು ಕಟ್ಟಿದ್ದು. ಪಟ್ನಂ ಅದನ್ನು ಕೆಡವಲಿಲ್ಲ, ಅಳೆದು ಕಾಪಾಡಿದ. ಅದಕ್ಕಾಗಿ ಅವನಿಗೆ ನಮಸ್ಕಾರ.

ಈ ಊರಿನ ಹಿಂದಿರುವ ಕಾಗದ 1787ರ ವಾಯವ್ಯ ಶಾಸನ. ಗುಲಾಮಗಿರಿಯನ್ನು ಈ ಪ್ರಾಂತ್ಯದಲ್ಲಿ ನಿಷೇಧಿಸಿದ ಘನವಾದ ಶಾಸನ ಅದು. ಮೂಲನಿವಾಸಿಗಳ ಒಪ್ಪಿಗೆಯಿಲ್ಲದೆ ಅವರ ಭೂಮಿ, ಸ್ವತ್ತನ್ನು ಎಂದೂ ತೆಗೆದುಕೊಳ್ಳಬಾರದು ಎಂದೂ ಅದರಲ್ಲಿದೆ. ಓದಿ ಮಗಳು ಕೇಳಿದಳು, "ಅಪ್ಪಾ, ಹೀಗೆ ಬರೆದವರೇ ಆಗಲೇ ನೆಲ ಮಾರಿ ಆಗಿತ್ತಲ್ಲವೇ?" ಆಗಿತ್ತು. ಊರಿಗೆ ಜನ ಬರುವ ಹೊತ್ತಿಗೆ ಪಟ್ನಂನ ಒಹಾಯೊ ಕಂಪನಿ ಲಕ್ಷಾಂತರ ಎಕರೆಗೆ ಸರ್ಕಾರದೊಡನೆ ಕರಾರು ಮಾಡಿಕೊಂಡಿತ್ತು.

ಮಂಗಳವಾರ: ಗ್ನಾಡೆನ್‌ಹಟನ್

ಟಸ್ಕರಾವಾಸ್ ನದಿಯ ಪಕ್ಕದ ಪುಟ್ಟ ಊರು. ಈ ಪ್ರವಾಸದಲ್ಲಿ ಒಂದೇ ಜಾಗ ನೋಡಲು ಬಿಡುವಿದ್ದಿದ್ದರೂ ನಾನು ಇಲ್ಲಿಗೇ ಬರುತ್ತಿದ್ದೆ.

ಡೇವಿಡ್ ಝೈಸ್‌ಬರ್ಗರ್ ಮುಂತಾದ ಮೊರಾವಿಯನ್ ಪಂಥದ ಪಾದ್ರಿಗಳ ಬೋಧನೆ ಕೇಳಿ ಕ್ರೈಸ್ತರಾದ ಡೆಲವೇರ್, ಮೊಹಿಕನ್ ಜನರು 1772ರಲ್ಲಿ ಈ ಊರು ಕಟ್ಟಿದರು. ದಿಮ್ಮಿ ಮನೆ, ಗಾಜಿನ ಕಿಟಕಿ, ಹೊಲ, ದನಕರು, ಪ್ರಾರ್ಥನಾ ಮಂದಿರ. ಆಯುಧ ಹಿಡಿಯುವುದಿಲ್ಲವೆಂಬುದು ಅವರ ವ್ರತ. ಬ್ರಿಟಿಷರಿಗೆ ಇವರು ಅಮೆರಿಕನ್ನರ ಗೂಢಚಾರರೆಂಬ ಗುಮಾನಿ, ಅಮೆರಿಕನ್ನರಿಗೆ ಇವರು ದಾಳಿಕೋರರಿಗೆ ಅನ್ನ ಹಾಕುವವರೆಂಬ ಸಿಟ್ಟು. 1781ರ ಸೆಪ್ಟೆಂಬರಿನಲ್ಲಿ ಬ್ರಿಟಿಷರ ಪರವಾಗಿದ್ದ ಮೂಲನಿವಾಸಿಗಳು ಇವರನ್ನು ಊರು ಬಿಡಿಸಿ ಸ್ಯಾಂಡಸ್ಕಿಯ ಕಡೆಗೆ ಅಟ್ಟಿದರು. ಚಳಿಗಾಲದಲ್ಲಿ ಅಲ್ಲಿ ಹಸಿವು. ಕೊಯ್ಯದೆ ಬಿಟ್ಟುಬಂದ ಜೋಳ ಹೊಲದಲ್ಲೇ ನಿಂತಿತ್ತು. ಅದನ್ನು ಮುರಿದು ತರಲೆಂದು ನೂರಕ್ಕೂ ಹೆಚ್ಚು ಜನ ಮರಳಿ ಬಂದರು.

1782ರ ಮಾರ್ಚ್ ಮೊದಲ ವಾರ ಡೇವಿಡ್ ವಿಲಿಯಮ್ಸನ್ ಎಂಬವನ ಕೈಕೆಳಗಿನ ಪೆನ್ಸಿಲ್ವೇನಿಯಾ ದಂಡು ಇಲ್ಲಿಗೆ ಬಂತು. ಗಡಿಯಲ್ಲಿ ತಮ್ಮವರನ್ನು ಯಾರೋ ಕೊಂದ ಸೇಡು ಅವರ ತಲೆಯಲ್ಲಿತ್ತು. ನಯವಾದ ಮಾತಾಡಿ, ಪಿಟ್ ಕೋಟೆಗೆ ಕರೆದೊಯ್ದು ರಕ್ಷಿಸುತ್ತೇವೆಂದು ನಂಬಿಸಿ, ಎಲ್ಲರನ್ನೂ ಕಟ್ಟಿಹಾಕಿದರು. ಆಮೇಲೆ ಮತ ಹಾಕಿದರು. ಕೊಲ್ಲಬಾರದೆಂದವರು ಇಪ್ಪತ್ತು ಜನವೂ ಇರಲಿಲ್ಲ. ಸೆರೆಯಾದವರು ಸಿದ್ಧರಾಗಲು ಸ್ವಲ್ಪ ಕಾಲ ಕೇಳಿ ಇರುಳೆಲ್ಲ ಪ್ರಾರ್ಥಿಸುತ್ತ, ಹಾಡುತ್ತ ಕಳೆದರು. ಮಾರ್ಚ್ 8ರ ಬೆಳಗ್ಗೆ ಎರಡು ಮನೆಗಳಿಗೆ ಕರೆದೊಯ್ದು, ಪೀಪಾಯಿ ಮಾಡುವವನ ಕೊಡತಿಯಿಂದ ತಲೆಗೆ ಹೊಡೆದು 96 ಜನರನ್ನು ಕೊಂದರು: ಗಂಡಸರು 28, ಹೆಂಗಸರು 29, ಮಕ್ಕಳು 39. ಮನೆಗಳಿಗೆ ಬೆಂಕಿಯಿಟ್ಟರು. ಇಬ್ಬರು ಹುಡುಗರು ಹೇಗೋ ಬದುಕಿ ಉಳಿದು ಕಂಡದ್ದನ್ನು ಹೇಳಿದರು. ಇದಕ್ಕಾಗಿ ಒಬ್ಬನಿಗೂ ಶಿಕ್ಷೆಯಾಗಲಿಲ್ಲ.

ಸತ್ತವರ ಮೂಳೆಗಳನ್ನು ವರ್ಷಗಳ ನಂತರ ಒಟ್ಟುಗೂಡಿಸಿ ಹೂತ ದಿಬ್ಬ ಹುಲ್ಲು ಬೆಳೆದುಕೊಂಡು ಹಾಗೆಯೇ ಇದೆ. ನನ್ನ ಎದೆಮಟ್ಟಕ್ಕಿಂತ ಹೆಚ್ಚಿಲ್ಲ. ಆ ಪೀಪಾಯಿಯವನ ಮನೆಯನ್ನು ಮತ್ತೆ ಕಟ್ಟಿದ್ದಾರೆ. ಒಳಗೆ ಕಾಲಿಟ್ಟು ಹೆಜ್ಜೆಯಲ್ಲಿ ಅಳೆದೆ, ಅಭ್ಯಾಸಬಲ. ನಮ್ಮ ಹಳ್ಳಿಯ ದನದ ಕೊಟ್ಟಿಗೆಗಿಂತ ದೊಡ್ಡದಲ್ಲ. ಮುಂದಿರುವ ಎತ್ತರದ ಸ್ತಂಭದಲ್ಲಿ, ಇಲ್ಲಿ ತೊಂಬತ್ತು ಕ್ರೈಸ್ತ ಇಂಡಿಯನ್ನರು ಸಾವಿನಲ್ಲಿ ಜಯಶಾಲಿಗಳಾದರು ಎಂದು ಕೆತ್ತಿದೆ. ಕೊಂದವರು ಯಾರೆಂಬ ಸುಳಿವು ಆ ಸಾಲಿನಲ್ಲಿ ಇಲ್ಲ. ಅದು ನನಗೆ ಸರಿಯೆನಿಸಲಿಲ್ಲ. ಹತರಾದವರನ್ನು ಹೊಗಳುವುದರ ಜೊತೆಗೆ ಹಂತಕರನ್ನು ಹೆಸರಿಸುವುದೂ ಕಲ್ಲಿನ ಕರ್ತವ್ಯ.

ಈ ಕೊಲೆಗಳ ಸೇಡಿಗೆ ಅದೇ ವರ್ಷ ಜೂನ್‌ನಲ್ಲಿ ಡೆಲವೇರರು, ಸ್ಯಾಂಡಸ್ಕಿಯ ಮೇಲೆ ದಂಡೆತ್ತಿ ಬಂದ ಕರ್ನಲ್ ವಿಲಿಯಂ ಕ್ರಾಫರ್ಡನನ್ನು ಸೆರೆಹಿಡಿದು ಬೆಂಕಿಯಲ್ಲಿ ಸುಟ್ಟರು. ಅವನು ಗ್ನಾಡೆನ್‌ಹಟನ್ನಿಗೆ ಬಂದವನೇ ಅಲ್ಲ. ವಿಲಿಯಮ್ಸನ್ ಅದೇ ದಂಡಿನಲ್ಲಿದ್ದು ತಪ್ಪಿಸಿಕೊಂಡಿದ್ದ.

ಅಲ್ಲಿಂದ ಹೊರಟ ಮೇಲೆ ಕಾರಿನಲ್ಲಿ ಯಾರೂ ಮಾತಾಡಲಿಲ್ಲ. ಹೋಟೆಲಿನಲ್ಲಿ ಮಗಳು ಮಾಡಿಕೊಟ್ಟ ಮೊಸರನ್ನವನ್ನು ಒಲ್ಲದ ಮನಸ್ಸಿನಿಂದ ತಿಂದು ಮಲಗಿದೆವು.

ಬುಧವಾರ: ಈಸ್ಟ್ ಲಿವರ್‌ಪೂಲ್

ಪೆನ್ಸಿಲ್ವೇನಿಯಾ ಗಡಿಯಲ್ಲಿ ರಸ್ತೆಬದಿಗೆ ಒಂದು ಕಲ್ಲು. ಪ್ರವಾಸಿಗರು ಇತ್ತ ಸುಳಿಯುವುದಿಲ್ಲ, ನಾನು ಮಾತ್ರ ಚಪ್ಪಲಿ ಕಳಚಿ ಮುಟ್ಟಿದೆ. ಇಲ್ಲಿಂದ 1,112 ಅಡಿ ದಕ್ಷಿಣಕ್ಕೆ, ಈಗ ನದಿನೀರಿನ ಅಡಿಯಲ್ಲಿರುವ ಬಿಂದುವಿನಿಂದ, 1785ರ ಸೆಪ್ಟೆಂಬರ್ 30ರಂದು ಥಾಮಸ್ ಹಚಿನ್ಸ್ ಅಮೆರಿಕದ ಸಾರ್ವಜನಿಕ ಭೂಮಿಯ ಸರ್ವೆ ಶುರುಮಾಡಿದ. ಕೆಂಟಕಿಯ ಓಕ್ ಮರ, ತೊರೆಗಳ ಗೊಂದಲ ಬೇಡವೆಂದು ಇಲ್ಲಿ ನೆಲವನ್ನು ಚೌಕ ಚೌಕವಾಗಿ ಕತ್ತರಿಸಿದರು. ಆರು ಮೈಲಿಯ ಚೌಕಕ್ಕೆ 36 ತುಂಡು, ತುಂಡಿಗೆ 640 ಎಕರೆ, ಎಕರೆಗೆ ಕನಿಷ್ಠ ಒಂದು ಡಾಲರ್. ಹದಿನಾರನೆಯ ತುಂಡು ಶಾಲೆಗೆ ಮೀಸಲು.

ಅಳೆದದ್ದು 66 ಅಡಿಯ ಗಂಟರ್ ಸರಪಳಿಯಿಂದ. ಆ ಸರಪಳಿ ನನಗೆ ಬಂಧುವಿನಷ್ಟೇ ಪರಿಚಿತ. ಹತ್ತು ಚದರ ಸರಪಳಿಗೆ ಒಂದು ಎಕರೆ. ಅರ್ಧ ಸರಪಳಿಯ ಚೌಕ, ಅಂದರೆ 33 ಅಡಿಗೆ 33 ಅಡಿ, ನಮ್ಮ ಒಂದು ಗುಂಟೆ. ಒಹಾಯೊದ ಕಾಡನ್ನೂ ಕರ್ನಾಟಕದ ಹೊಲವನ್ನೂ ಅಳೆದ ಎಕರೆ ಒಂದೇ. ಕೆಲಸವಾಗಿ ಅದು ಅಚ್ಚುಕಟ್ಟು, ನಾನು ಮೆಚ್ಚುತ್ತೇನೆ. ಆದರೆ ಸರ್ವೆಯಲ್ಲಿ ಮೊದಲು ದಾಖಲಾಗಬೇಕಾದದ್ದು ನೆಲದ ಮೇಲೆ ಯಾರಿದ್ದಾರೆಂಬುದು. 1783ರ ಪ್ಯಾರಿಸ್ ಒಪ್ಪಂದದಲ್ಲಿ ಬ್ರಿಟನ್ ಈ ಸೀಮೆಯನ್ನೆಲ್ಲ ಅಮೆರಿಕಕ್ಕೆ ಒಪ್ಪಿಸಿದಾಗ ಮೂಲನಿವಾಸಿಗಳ ಒಬ್ಬ ಪ್ರತಿನಿಧಿಯೂ ಅಲ್ಲಿರಲಿಲ್ಲ. ಹಚಿನ್ಸ್ ಮೊದಲ ವರ್ಷ ನಾಲ್ಕು ಮೈಲಿಯೂ ಪೂರೈಸದೆ, ದಾಳಿಯ ಸುದ್ದಿ ಕೇಳಿ ಹಿಂದಿರುಗಿದ. ಮರುವರ್ಷ ಸರ್ವೆಯವರ ಕಾವಲಿಗೆಂದೇ ಸೈನ್ಯ ಕೋಟೆ ಕಟ್ಟಬೇಕಾಯಿತು.

ಗುರುವಾರ: ಫೋರ್ಟ್ ರಿಕವರಿ, ಗ್ರೀನ್‌ವಿಲ್

ಒಹಾಯೊದ ಪಶ್ಚಿಮ ಅಂಚು, ಕಣ್ಣು ಹಾಯುವವರೆಗೂ ಸೋಯಾ, ಜೋಳ. 1791ರ ನವೆಂಬರ್ 4ರ ಬೆಳಗ್ಗೆ ಇಲ್ಲಿ ಬಿಡಾರ ಹೂಡಿದ್ದ ಜನರಲ್ ಆರ್ಥರ್ ಸೇಂಟ್ ಕ್ಲೇರ್‌ನ ಸೈನ್ಯದ ಮೇಲೆ ಮಯಾಮಿಗಳ ಲಿಟಲ್ ಟರ್ಟಲ್, ಶಾನೀಗಳ ಬ್ಲೂ ಜಾಕೆಟ್ ಮುಂತಾದವರ ಒಕ್ಕೂಟ ಮುಗಿಬಿದ್ದು, ಆರು ನೂರಕ್ಕೂ ಹೆಚ್ಚು ಜನರನ್ನು ಕೊಂದಿತು. ಮೂಲನಿವಾಸಿಗಳ ಕೈಯಲ್ಲಿ ಅಮೆರಿಕ ಸೈನ್ಯ ಇಷ್ಟು ಜನರನ್ನು ಮತ್ತೆಂದೂ ಕಳೆದುಕೊಳ್ಳಲಿಲ್ಲ.

ಆ ದಿನಾಂಕ ಓದಿದೊಡನೆ ನನ್ನ ಮನಸ್ಸು ಮೈಸೂರಿಗೆ ಓಡಿತು. ಯಾರ್ಕ್‌ಟೌನಿನಲ್ಲಿ ಸೋತ ಅದೇ ಕಾರ್ನ್‌ವಾಲಿಸ್ ಆ ಹೊತ್ತಿಗೆ ನಮ್ಮಲ್ಲಿದ್ದ. ಮಾರ್ಚಿನಲ್ಲಿ ಬೆಂಗಳೂರು ಕೋಟೆ ಹಿಡಿದು, ಅಕ್ಟೋಬರಿನಲ್ಲಿ ನಂದಿದುರ್ಗ, ಡಿಸೆಂಬರಿನಲ್ಲಿ ಸಾವನದುರ್ಗ ತೆಗೆದುಕೊಂಡು, 1792ರಲ್ಲಿ ಶ್ರೀರಂಗಪಟ್ಟಣದ ಒಪ್ಪಂದದಿಂದ ಟಿಪ್ಪುವಿನ ಅರ್ಧ ರಾಜ್ಯ ಬರೆಸಿಕೊಂಡ.

ಒಹಾಯೊದ ಒಕ್ಕೂಟಕ್ಕೂ ಅಂಥ ಕಾಗದ ಕಾದಿತ್ತು. 1794ರ ಆಗಸ್ಟ್ 20ರಂದು ಫಾಲನ್ ಟಿಂಬರ್ಸ್‌ನಲ್ಲಿ ಅಮೆರಿಕದ ಜನರಲ್ ಆ್ಯಂಟನಿ ವೇಯ್ನ್ ಈ ಒಕ್ಕೂಟವನ್ನು ಸೋಲಿಸಿದ. ಹಿಂದೆಗೆದ ಯೋಧರು ಹತ್ತಿರದ ಬ್ರಿಟಿಷ್ ಕೋಟೆಗೆ ಓಡಿದರೆ, ಮಿತ್ರರೆನಿಸಿಕೊಂಡವರು ಬಾಗಿಲು ತೆರೆಯಲಿಲ್ಲ. ಮರುವರ್ಷ ಆಗಸ್ಟ್ 3ರಂದು ಗ್ರೀನ್‌ವಿಲ್‌ನಲ್ಲಿ ಸಹಿಯಾಯಿತು: ಇಂದಿನ ಒಹಾಯೊದ ಹೆಚ್ಚಿನ ಭಾಗ ಅಮೆರಿಕಕ್ಕೆ, ಬದಲಿಗೆ ಇಪ್ಪತ್ತು ಸಾವಿರ ಡಾಲರಿನ ಸರಕು ಮತ್ತು ವರ್ಷಾಶನ. ಸಹಿಗೆ ಬಾರದೆ ದೂರ ಉಳಿದವನು ತೆಕುಮ್ಸೆ ಎಂಬ ಶಾನೀ ತರುಣ. ಎಲ್ಲ ಬುಡಕಟ್ಟುಗಳಿಗೂ ಸೇರಿದ ನೆಲವನ್ನು ಕೆಲವರು ಮಾರಲಾಗದೆಂದು ಅವನು ಮುಂದೆ ವಾದಿಸಿದ. ಕಾನೂನಿನ ದೃಷ್ಟಿಯಿಂದ ಇದಕ್ಕಿಂತ ಗಟ್ಟಿಯಾದ ವಾದವನ್ನು ಈ ದಾರಿಯಲ್ಲಿ ನಾನು ಕಾಣಲಿಲ್ಲ. ಗ್ರೀನ್‌ವಿಲ್ ಈಗ ನೆಮ್ಮದಿಯ ಸಣ್ಣ ಪಟ್ಟಣ. ಬೇಗ ನೋಡಿ ಮುಗಿಸಿದೆವು.

ಶುಕ್ರವಾರ: ಅಪ್ಪರ್ ಸ್ಯಾಂಡಸ್ಕಿ

ಒಹಾಯೊದಲ್ಲಿ ಕೊನೆಯವರೆಗೂ ಉಳಿದವರು ವಯಾಂಡಾಟ್ ಜನ. 1816ರಲ್ಲಿ ಜಾನ್ ಸ್ಟೀವರ್ಟ್ ಎಂಬ ಸ್ವತಂತ್ರ ಕಪ್ಪು ಮನುಷ್ಯ ಇವರ ನಡುವೆ ಬಂದು ಬೋಧಿಸಿದ, 1824ರಲ್ಲಿ ಸಣ್ಣ ಕಲ್ಲಿನ ಚರ್ಚು ಎದ್ದಿತು. ಹೊಲ ಉತ್ತರು, ಮಕ್ಕಳನ್ನು ಶಾಲೆಗೆ ಕಳಿಸಿದರು, ಕಾಗದವಿಲ್ಲದೆ ಯಾವುದನ್ನೂ ಮಾಡಲಿಲ್ಲ. ಆದರೂ 1843ರ ಜುಲೈನಲ್ಲಿ ಗಾಡಿ ಕಟ್ಟಿ ಕಾನ್ಸಾಸಿಗೆ ಹೊರಡಬೇಕಾಯಿತು. ಹೊರಡುವಾಗ ಚರ್ಚು ಮತ್ತು ತಮ್ಮವರ ಗೋರಿಗಳಿರುವ ನೆಲವನ್ನು, ನೋಡಿಕೊಳ್ಳಿ ಎಂದು ಮೆಥಡಿಸ್ಟ್ ಸಭೆಗೆ ಬರೆದುಕೊಟ್ಟರು.

ಆ ಸಭೆ 2019ರ ಸೆಪ್ಟೆಂಬರಿನಲ್ಲಿ ಆ ನೆಲವನ್ನು ವಯಾಂಡಾಟ್ ಜನಾಂಗಕ್ಕೆ ಮರಳಿ ನೋಂದಾಯಿಸಿಕೊಟ್ಟಿತು. ಓಕ್ಲಹೋಮದಲ್ಲಿ ನೆಲೆಸಿರುವ ಅವರ ವಂಶಸ್ಥರು ಬಂದು ಹಕ್ಕುಪತ್ರ ಪಡೆದರು. ವಿಸ್ತೀರ್ಣ ಮೂರು ಎಕರೆ, ನಮ್ಮ ಲೆಕ್ಕದಲ್ಲಿ 120 ಗುಂಟೆ. ಮಗಳನ್ನು ಜೊತೆಗೆ ಕರೆದುಕೊಂಡು ಸ್ಮಶಾನದ ಅಂಚು ಹಿಡಿದು ಒಂದು ಸುತ್ತು ನಡೆದೆ. "ಏನು ಅಳೆಯುತ್ತಿದ್ದೀರಿ ಅಪ್ಪಾ?" ಎಂದಳು. ಕೊಟ್ಟವರು, ಪಡೆದವರು, ನೆಲದ ಮೇಲೆ ಹಕ್ಕಿದ್ದವರು, ಮೂವರೂ ಒಂದೇ ಕಾಗದದಲ್ಲಿರುವ ಜಮೀನು ಈ ದಾರಿಯಲ್ಲಿ ನನಗೆ ಇದೊಂದೇ ಸಿಕ್ಕಿದೆ, ಅದರ ಹದ್ದು ನೋಡುತ್ತಿದ್ದೇನೆ ಎಂದೆ.